ಅಪೀಲಿನಲ್ಲಾಗುವ ರಾಜಿ: ಸಹಿ ಹಾಕದವರ ಪಾಲೆಷ್ಟು?

ಯಲಹಂಕ ಹೋಬಳಿಯ ಪುಟ್ಟೇನಹಳ್ಳಿಯಂಥ ಊರಲ್ಲಿ ಭಾಗದ ದಾವೆ ಹೂಡುವಾಗ ಜಮೀನು ಎಕರೆ-ಗುಂಟೆಯ ಲೆಕ್ಕದಲ್ಲಿರುತ್ತದೆ. ಅದೇ ದಾವೆ ಹೈಕೋರ್ಟಿನಲ್ಲಿ ಅಪೀಲಾಗಿ ಕೂತಿರುವಾಗ ಲೆಕ್ಕ ಚದರಡಿಗೆ ತಿರುಗಿರುತ್ತದೆ. ರಾಗಿ ಹೊಲದ ಸರ್ವೆ ನಂಬರಿನ ಮೇಲೆ ರೆವಿನ್ಯೂ ಸೈಟುಗಳು ಎದ್ದಿರುತ್ತವೆ. ಮೂಲ ವಾದಿ ತೀರಿಕೊಂಡು ಮಕ್ಕಳು ವಾರಸುದಾರರಾಗಿ ಕಡತದೊಳಗೆ ಬಂದಿರುತ್ತಾರೆ. ಆಗ ರಾಜಿಯ ಮಾತೇಳುತ್ತದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ 3ನೇ ನಿಯಮದಡಿ ಜಂಟಿ ಅರ್ಜಿ ಸಲ್ಲುತ್ತದೆ, ಕೆಳ ನ್ಯಾಯಾಲಯದ ಡಿಕ್ರಿಯ ಜಾಗಕ್ಕೆ ರಾಜಿ ಡಿಕ್ರಿ ಬರುತ್ತದೆ. ಈ ಪದ್ಧತಿ ಒಳ್ಳೆಯದು. ಎಷ್ಟೋ ಸಲ ಅದು ನಡೆಯುವ ರೀತಿ ಒಳ್ಳೆಯದಲ್ಲ.

ಒಳ್ಳೆಯದೆಂದು ಯಾಕೆ ಹೇಳುತ್ತೇನೆಂದರೆ, ಭಾಗದ ದಾವೆಯಲ್ಲಿ ಗೆದ್ದವರ ಕೈಗೆ ಮೊದಲು ಸಿಗುವುದು ಪ್ರಾಥಮಿಕ ಡಿಕ್ರಿ ಮಾತ್ರ. ನಿನಗೆ ನಾಲ್ಕರಲ್ಲೊಂದು ಎಂದು ಅದು ಹೇಳುತ್ತದೆ. ಆ ನಾಲ್ಕರಲ್ಲೊಂದು ರಸ್ತೆಗೆ ಮುಖವಾಗಿದೆಯೋ, ತಾಯಿ ವಾಸವಿರುವ ಮನೆ ಯಾರ ಪಾಲಿಗೆ ಹೋಗುತ್ತದೋ ಅದರಲ್ಲಿರುವುದಿಲ್ಲ. ಅದಕ್ಕೆ ಅಂತಿಮ ಡಿಕ್ರಿಯ ಪ್ರಕ್ರಿಯೆ ಬೇರೆ, ಕಮಿಷನರ್ ಬೇರೆ, ಅವರ ವರದಿಗೆ ತಕರಾರು ಬೇರೆ. ರಾಜಿಯಲ್ಲಿ ಇಷ್ಟೂ ಒಂದೇ ನಕ್ಷೆಯಲ್ಲಿ ಮುಗಿಯಬಹುದು. ದಾವೆಯಲ್ಲಿ ಇಲ್ಲದ ಆಸ್ತಿಯನ್ನೂ ಅದೇ ಪಕ್ಷಗಾರರ ನಡುವೆ ಹೊಂದಿಸಿಕೊಳ್ಳಲು 1976ರ ತಿದ್ದುಪಡಿ ದಾರಿ ಬಿಟ್ಟಿದೆ. ಆದರೆ ಅಂಥ ಹೊರಗಿನ ಆಸ್ತಿಯ ಮಟ್ಟಿಗೆ ಡಿಕ್ರಿಯನ್ನು ಸಾಮಾನ್ಯವಾಗಿ ನೋಂದಾಯಿಸಬೇಕಾಗುತ್ತದೆ. 2007ರಲ್ಲಿ ಶುರುವಾದ ಬೆಂಗಳೂರು ಮಧ್ಯಸ್ಥಿಕೆ ಕೇಂದ್ರದಂಥ ಕಡೆ ಅಣ್ಣತಮ್ಮಂದಿರು ಮುಖ ನೋಡಿ ಮಾತಾಡುವುದಕ್ಕೂ ಬೆಲೆಯಿದೆ.

ಆದರೆ ಅಪೀಲಿನ ರಾಜಿಯಲ್ಲಿ ಇಬ್ಬರೂ ಸಮವಾಗಿ ಕೂತಿರುವುದಿಲ್ಲ. ಒಬ್ಬರು ಗೆದ್ದಿದ್ದಾರೆ, ಇನ್ನೊಬ್ಬರು ತಡೆಯಾಜ್ಞೆ ತಂದಿದ್ದಾರೆ. ಸ್ವಾಧೀನ ಸೋತವರ ಬಳಿಯೇ ಇದ್ದರೆ ಕಾಯುವುದರಿಂದ ಅವರಿಗೆ ನಷ್ಟವಿಲ್ಲ. ಗೆದ್ದವರಿಗೆ ವಯಸ್ಸಾಗುತ್ತದೆ. ಕೋರ್ಟಿಗೆ ಹೋದರೆ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆಯನ್ನು ಆಗ ಹೇಳುವುದು ಗೆದ್ದವರಿಗೇ. ಡಿಕ್ರಿಯಲ್ಲಿ ಬಂದ ಪಾಲಿನ ಅರ್ಧವನ್ನು ಅವರು ಬಿಟ್ಟುಕೊಟ್ಟರೆ ಅದನ್ನು ಸೌಹಾರ್ದ ಎನ್ನಲು ನನ್ನಿಂದಾಗದು. ಅದು ವಿಳಂಬಕ್ಕೆ ಕಟ್ಟಿದ ದಂಡ.

ಇದಕ್ಕಿಂತ ನೋವಿನದು ಹೆಣ್ಣುಮಕ್ಕಳ ಸಂಗತಿ. ಹೆಣ್ಣುಮಕ್ಕಳಿಗೂ ಪಾಲು ಕೊಟ್ಟ, ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಕರ್ನಾಟಕದ ತಿದ್ದುಪಡಿ 1994ರ ಜುಲೈ 30ರಿಂದ ಜಾರಿಗೆ ಬಂದಾಗ, ಅದಕ್ಕೂ ಮೊದಲೇ ಮದುವೆಯಾದವರು ಹೊರಗುಳಿದರು. 2005ರ ಕೇಂದ್ರ ತಿದ್ದುಪಡಿ ಆ ಭೇದ ತೆಗೆಯಿತು. ಅದು ಜಾರಿಗೆ ಬಂದ ದಿನ ತಂದೆ ಬದುಕಿರಬೇಕೆಂಬ ಷರತ್ತೂ ಇಲ್ಲವೆಂದು ವಿನೀತಾ ಶರ್ಮ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2020ರ ಆಗಸ್ಟ್ 11ರಂದು ಹೇಳಿತು. ಅಪೀಲು ದಾವೆಯ ಮುಂದುವರಿಕೆಯೇ ಆದ್ದರಿಂದ, ಕೆಳ ನ್ಯಾಯಾಲಯದಲ್ಲಿ ಪಾಲು ಸಿಗದ ಅಕ್ಕನಿಗೆ ಅಪೀಲು ನಡೆಯುವಾಗ ಪಾಲು ಬರಬಹುದು. ಅರಿಶಿನ ಕುಂಕುಮಕ್ಕೆಂದು ಒಂದಿಷ್ಟು ಕೊಟ್ಟು ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಕೇಳುವುದೂ ಇದೇ ಹೊತ್ತಿಗೆ. ಆಕೆಯನ್ನು ಪಕ್ಷಗಾರಳನ್ನಾಗಿಯೇ ಮಾಡದೆ ಅಣ್ಣತಮ್ಮಂದಿರಷ್ಟೇ ರಾಜಿಯಾದರೆ ಮುಂದಿನ ದಾವೆಗೆ ಅಂದೇ ಬೀಜ ಬಿತ್ತಿದಂತೆ. ಭಾಗದ ದಾವೆಯ ರಾಜಿಗೆ ಎಲ್ಲ ಪಕ್ಷಗಾರರ ಲಿಖಿತ ಒಪ್ಪಿಗೆ, ಸಹಿ ಬೇಕೆಂದು 2023ರಲ್ಲಿ ಪ್ರಶಾಂತ ಕುಮಾರ್ ಸಾಹು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಹೇಳಬೇಕಾಯಿತು.

ದಾವೆ ನಡೆಯುವಾಗ ಸೈಟು ಕೊಂಡವರನ್ನು ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಂ ಕಟ್ಟಿಹಾಕುತ್ತದೆ. ಮಾರಿದವರೇ ರಾಜಿಯಾಗಿ ಆ ಜಾಗವನ್ನು ಎದುರಾಳಿಗೆ ಬಿಟ್ಟರೆ, ಒಳಸಂಚೆಂದು ತೋರಿಸದ ಹೊರತು ಕೊಂಡವರು ನಿಲ್ಲುವುದು ಕಷ್ಟ. ರಾಜಿ ಅರ್ಜಿಯ ಷೆಡ್ಯೂಲಿನಲ್ಲಿ ಸಾಗುವಳಿಗೆ ಬಾರದ ಖರಾಬು ಜಮೀನು ಸೇರಿಸುವ ರೂಢಿಯೂ ಇದೆ. ಕೆರೆ, ಕಾಲುವೆ, ದಾರಿಗೆ ಮೀಸಲಾದ ಬಿ ಖರಾಬನ್ನು ಇಬ್ಬರು ಖಾಸಗಿಯವರು ಹಂಚಿಕೊಳ್ಳುವಂತಿಲ್ಲ. ಪಕ್ಷಿ ಸಂರಕ್ಷಣಾ ಮೀಸಲು ಪ್ರದೇಶವಾಗಿ ಉಳಿದ ಕೆರೆಯಿರುವ ಪುಟ್ಟೇನಹಳ್ಳಿಯಲ್ಲಿ ಈ ಎಚ್ಚರ ಇನ್ನೂ ಹೆಚ್ಚು ಬೇಕು.

ಇಷ್ಟೆಲ್ಲ ಹೇಳಲು ಕಾರಣವಿದೆ. ರಾಜಿ ಡಿಕ್ರಿಯ ಮೇಲೆ ಪಕ್ಷಗಾರರಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 96(3)ನೇ ಕಲಮಿನಂತೆ ಅಪೀಲಿಲ್ಲ, 23ನೇ ಆದೇಶದ 3ಎ ನಿಯಮದಂತೆ ಬೇರೆ ದಾವೆಯೂ ಇಲ್ಲ. ಮೋಸವಾಯಿತೆಂದು ಹೇಳುವ ಪಕ್ಷಗಾರರು ಡಿಕ್ರಿ ಕೊಟ್ಟ ನ್ಯಾಯಾಲಯಕ್ಕೇ ಹೋಗಬೇಕು. ಹಾಗಿರುವಾಗ ಅರ್ಜಿ ಓದಿ ಹೇಳಿದ್ದಾರೆಯೇ, ಹಣ ಕೈಗೆ ಬಂದಿದೆಯೇ ಎಂದು ಹೆಬ್ಬೆಟ್ಟೊತ್ತಿದ ಮುದುಕಿಯನ್ನು ಕನ್ನಡದಲ್ಲಿ, ಮಗ ಪಕ್ಕದಲ್ಲಿಲ್ಲದಾಗ ಕೇಳುವ ಹತ್ತು ನಿಮಿಷವನ್ನು ನ್ಯಾಯಪೀಠ ಉಳಿಸಬಾರದು. ಅಪ್ರಾಪ್ತರ ಪರವಾಗಿ ರಾಜಿಯಾಗಲು ಪೋಷಕರು ನ್ಯಾಯಾಲಯದ ಅನುಮತಿ ಪಡೆಯಬೇಕೆಂದು ಕಾನೂನೇ ಹೇಳಿದೆ. ಅಷ್ಟೇ ಕಾಳಜಿ ಅಸಹಾಯಕರಾದ ದೊಡ್ಡವರಿಗೂ ಸಲ್ಲಬೇಕು.

ರಾಜಿಯಾಗಿ. ಆದರೆ ಸಹಿಗೆ ಮುನ್ನ ವಂಶವೃಕ್ಷದಲ್ಲಿರುವ ಪ್ರತಿಯೊಂದು ಹೆಸರೂ ಅರ್ಜಿಯಲ್ಲಿದೆಯೇ ನೋಡಿ, ಚಕ್ಕುಬಂದಿಯನ್ನು ಸ್ಥಳದಲ್ಲಿ ಅಳತೆ ಮಾಡಿಸಿ, ಹಣ ಯಾವ ದಿನ ಬರುತ್ತದೆ, ಬರದಿದ್ದರೆ ಏನು ಎಂಬುದನ್ನು ಬರೆಸಿ. ಇಷ್ಟಾಗದಿದ್ದರೆ ಇನ್ನೊಂದು ದಿನಾಂಕ ಕೇಳಿ.