ಹೊಸ್ತಿಲಾಗಬಯಸಿದ ದೊರೆ

ಹೊಂಗನೂರಿನ ನಮ್ಮ ಮನೆಯಲ್ಲಿ ಹೊಸ್ತಿಲು ತುಳಿದರೆ ಅಜ್ಜಿ ಬೈಯುತ್ತಿದ್ದರು. ಬೆಳಿಗ್ಗೆ ಅದನ್ನು ತೊಳೆದು, ಅರಿಸಿನ ಬಳಿದು, ಕುಂಕುಮವಿಟ್ಟು, ಎರಡು ಹೂವು ಇಡುವ ತನಕ ಅವರು ಒಲೆಯ ಕಡೆ ತಿರುಗುತ್ತಿರಲಿಲ್ಲ. ದಾಟಬೇಕು, ತುಳಿಯಬಾರದು. ಹಾಗೆ ಬೆಳೆದ ನನಗೆ, ಚೇರನಾಡಿನ ದೊರೆಯೊಬ್ಬ ತಿರುಮಲೆಯ ದೇವರ ಮುಂದಿನ ಮೆಟ್ಟಿಲಾಗಿ ಬಿದ್ದಿರುತ್ತೇನೆ, ಬಂದವರೆಲ್ಲ ತುಳಿದು ನಡೆಯಲಿ ಎಂದು ಬೇಡಿಕೊಂಡ ಸಂಗತಿ ಮೊದಲ ಸಲ ಕೇಳಿದಾಗ ಮೈ ಜುಮ್ಮೆಂದಿತ್ತು. ವಿಷ್ಣು ದೇವಾಲಯಗಳ ಗರ್ಭಗುಡಿಯ ಹೊಸ್ತಿಲನ್ನು ಇಂದಿಗೂ ಅವನ ಹೆಸರಿನಿಂದ ಕುಲಶೇಖರ ಪಡಿ, ಅಂದರೆ ಕುಲಶೇಖರನ ಮೆಟ್ಟಿಲು, ಎಂದೇ ಕರೆಯುತ್ತಾರೆ.

ಸುಮಾರು 9ನೇ ಶತಮಾನದ ಈ ಕುಲಶೇಖರ ತಮಿಳಿನ ವಿಷ್ಣುಭಕ್ತ ಕವಿಗಳಾದ 12 ಆಳ್ವಾರರಲ್ಲಿ ಒಬ್ಬ. ಅವನ ಚರಿತ್ರೆಯಲ್ಲಿ ಎರಡು ಕಥೆಗಳು ಎಲ್ಲರ ಬಾಯಲ್ಲೂ ಇವೆ. ರಾಮಾಯಣ ಕೇಳುತ್ತಾ ಕೂತವನು, ಖರನ 14,000 ರಾಕ್ಷಸರೆದುರು ರಾಮ ಒಬ್ಬನೇ ನಿಂತ ಎಂಬಲ್ಲಿಗೆ ಬಂದಾಗ ಎದ್ದು, ಸೈನ್ಯ ಹೊರಡಲಿ ಎಂದನಂತೆ. ಇನ್ನೊಂದು, ಒಡವೆ ಕದ್ದರೆಂಬ ಆರೋಪ ಹೊತ್ತ ಭಕ್ತರ ಪರವಾಗಿ ಅವನು ಹಾವಿದ್ದ ಗಡಿಗೆಗೆ ಕೈ ಹಾಕಿದ್ದು. ಎರಡನೆಯದು ಹಾವು ಕಚ್ಚದ ಪವಾಡ ತೋರಿಸಿ ಮುಗಿಯುತ್ತದೆ, ಅದರಲ್ಲಿ ಕವಿ ಕಾಣುವುದಿಲ್ಲ. ಮೊದಲನೆಯದು ಹಾಗಲ್ಲ. ಕಥೆಯನ್ನು ಕಥೆಯೆಂದು ದೂರ ಇಡಲಾಗದ ಮನಸ್ಸೊಂದು ಅಲ್ಲಿದೆ. ಆದರೂ ಈ ಕಥೆಗಳನ್ನು ಹೇಳುವ ಚರಿತ್ರೆಗೆ ಅವಸರ ಜಾಸ್ತಿ. ಮಗನಿಗೆ ಪಟ್ಟ ಕಟ್ಟಿದ, ಶ್ರೀರಂಗಕ್ಕೆ ಹೊರಟ, ಸಂತನಾದ ಎಂದು ಮುಗಿಸಿಬಿಡುತ್ತದೆ.

ಅವನ 105 ಪಾಶುರಗಳ, ಅಂದರೆ ಪದ್ಯಗಳ, ‘ಪೆರುಮಾಳ್ ತಿರುಮೊಳಿ’ ಅಷ್ಟು ಸಲೀಸಾಗಿ ಮುಗಿಯುವುದಿಲ್ಲ. ಹತ್ತರ ಆಸುಪಾಸು ಪಾಶುರಗಳ ಒಂದೊಂದು ಗುಚ್ಛಕ್ಕೆ ‘ಹತ್ತು’ ಎಂದೇ ಹೆಸರು; ನಾಲ್ಕನೆಯ ಹತ್ತನ್ನೇ ನೋಡಿ. ತಿರುಮಲೆಯ ಕೊಳದಲ್ಲಿ ಕೊಕ್ಕರೆಯಾಗಬೇಕು, ನೀರಲ್ಲಿ ಮೀನಾಗಬೇಕು, ಸಂಪಿಗೆ ಮರವಾಗಬೇಕು, ಬೆಟ್ಟದ ತುದಿಯಾಗಬೇಕು, ಕಾಡಿನ ತೊರೆಯಾಗಬೇಕು, ಹತ್ತುವವರ ದಾರಿಯಾಗಬೇಕು ಎನ್ನುತ್ತ ಮೆಟ್ಟಿಲಿಗೆ ಬರುತ್ತಾನೆ. ರೆಕ್ಕೆಯಿಂದ ಶುರುವಾದ ಆಸೆ ಕಲ್ಲಿಗಿಳಿಯಿತು. ಆ ಕಲ್ಲಿಗೂ ಒಂದು ಬಯಕೆ ಉಳಿದಿದೆ, ಮಲಗಿದಲ್ಲಿಂದಲೇ ದೇವರ ಹವಳದ ತುಟಿಯನ್ನು ನೋಡುತ್ತಿರಬೇಕು. ಎಲ್ಲ ಕೊಟ್ಟವನು ಕಣ್ಣನ್ನು ಮಾತ್ರ ಕೊಡಲೊಲ್ಲ! ಈ ಹಠವೇ ನನಗೆ ಇಡೀ ಕೃತಿಯ ಜೀವ.

ಅದೇ ಹತ್ತಿನಲ್ಲಿ ಆನೆಯ ಮೇಲಿನ ಸುಖ, ಊರ್ವಶಿ, ಇಂದ್ರಪದವಿ ಯಾವುದೂ ಬೇಡ ಎಂದು ಮತ್ತೆ ಮತ್ತೆ ಹೇಳುತ್ತಾನೆ. ಬಿಟ್ಟವನು ಬಿಟ್ಟದ್ದನ್ನು ಇಷ್ಟು ಸಲ ಯಾಕೆ ಹೆಸರಿಸಬೇಕು? ಹತ್ತರ ಕೊನೆಯ ಪಾಶುರದ ಅಂಕಿತವನ್ನೂ ಗಮನಿಸಬೇಕು. ಮೆಟ್ಟಿಲಾಗುತ್ತೇನೆಂದವನು ಅಲ್ಲಿ ಚೂಪು ಈಟಿಯ ಕುಲಶೇಖರ. ಬೇರೆಡೆ ಕೊಲ್ಲಿಬೆಟ್ಟದ ಕಾವಲಿಗ, ಕೂಡಲಿನ ಅಂದರೆ ಮಧುರೆಯ ಒಡೆಯ. ನಾನು ಇದನ್ನು ಕುಂದೆಂದು ಎಣಿಸುವುದಿಲ್ಲ. ಅರಸುತನ ಒಂದೇ ದಿನದಲ್ಲಿ ಕಳಚಿ ಬೀಳುವಂಥದ್ದಲ್ಲ ಎಂಬುದನ್ನು ಚರಿತ್ರೆ ಬರೆದವರು ಮುಚ್ಚಿಟ್ಟರು, ಪದ್ಯ ಮುಚ್ಚಿಡಲಿಲ್ಲ.

ಕನ್ನಡದವರಿಗೆ ಇಲ್ಲಿ ಶರಣ ಮೋಳಿಗೆಯ ಮಾರಯ್ಯ ನೆನಪಾಗದೆ ಇರುವುದಿಲ್ಲ. ಕಾಶ್ಮೀರದ ಅರಸನಾಗಿದ್ದವನೆಂದು ಪರಂಪರೆ ಹೇಳುವ ಅವನು ಕಲ್ಯಾಣಕ್ಕೆ ಬಂದು ಸೌದೆ ಹೊರೆ ಮಾರಿ ಬದುಕಿದ. ಕುಲಶೇಖರ ಬಗ್ಗುವುದು ದೇವರ ಮುಂದೆ ಮತ್ತು ಭಕ್ತರ ಮುಂದೆ. ಮಾರಯ್ಯನ ತಲೆ ಮೇಲೆ ನಿಜವಾದ ಭಾರವಿತ್ತು, ಅದಕ್ಕೆ ಸಂತೆಯಲ್ಲಿ ಬೆಲೆಯಿತ್ತು. ಆ ಒಂದು ವಿಷಯದಲ್ಲಿ ನನ್ನ ಮನಸ್ಸು ಕಲ್ಯಾಣದ ಕಡೆಗೇ ವಾಲುತ್ತದೆ.

ಆದರೆ ಏಳನೆಯ ಹತ್ತಿಗೆ ಬಂದರೆ ಆ ತೂಕವೆಲ್ಲ ಮರೆತುಹೋಗುತ್ತದೆ. ಅಲ್ಲಿ ದೊರೆಯ ದನಿಯೇ ಇಲ್ಲ, ಮಾತಾಡುವವಳು ದೇವಕಿ. ಹೆತ್ತಳು, ಆಡಿಸಲಿಲ್ಲ. ತೊಟ್ಟಿಲು ತೂಗಲಿಲ್ಲ. ಬೆಣ್ಣೆ ಮೆತ್ತಿದ ಪುಟ್ಟ ಕೈ, ಹೊಡೆತಕ್ಕೆ ಹೆದರಿದ ಮುಖ, ಅಳಲು ಸೊಟ್ಟಗಾದ ತುಟಿ, ಇದನ್ನೆಲ್ಲ ಕಂಡವಳು ಯಶೋದೆ. ಲೋಕವೆಲ್ಲ ಯಶೋದೆಯ ಭಾಗ್ಯ ಹಾಡುವಾಗ, ಈ ಕವಿ ಕೈತಪ್ಪಿದವಳ ಪಕ್ಕ ಕೂತ. ಒಂಬತ್ತನೆಯ ಹತ್ತಿನಲ್ಲಿ ರಾಮನನ್ನು ಕಾಡಿಗೆ ಕಳಿಸಿದ ದಶರಥನಾಗಿಯೂ ಅಳುತ್ತಾನೆ. ಸಿಂಹಾಸನದಿಂದ ಇಳಿಯುವುದೆಂದರೆ ಇನ್ನೊಬ್ಬರ ಸಂಕಟದ ಒಳಗೆ ಇಳಿಯುವುದು ಎಂಬುದು ಈ ಎರಡು ಹತ್ತುಗಳಲ್ಲಿ ಸಾಧಿತವಾಗಿದೆ. ಹಾವಿನ ಗಡಿಗೆಗಿಂತ ಇದು ದೊಡ್ಡ ಸಾಕ್ಷಿ.

ನಮ್ಮೂರಿನಿಂದ ಚನ್ನಪಟ್ಟಣಕ್ಕೆ ಬಂದು ಮೈಸೂರು ರಸ್ತೆ ಹಿಡಿದರೆ ದೊಡ್ಡಮಳೂರು. ಅಪ್ರಮೇಯಸ್ವಾಮಿ ದೇವಸ್ಥಾನದೊಳಗೆ ಕೈಯಲ್ಲಿ ಬೆಣ್ಣೆ ಹಿಡಿದು ಅಂಬೆಗಾಲಿಡುವ ನವನೀತಕೃಷ್ಣ. ಯಶೋದೆ ಮಗುವನ್ನು ಆಡಿಸಿದ ಕೀರ್ತನೆಯನ್ನು ಪುರಂದರದಾಸರು ಹಾಡಿದ್ದು ಇವನ ಮುಂದೆಯೇ ಎಂಬುದು ಇಲ್ಲಿಯವರ ನಂಬಿಕೆ. ಮಕ್ಕಳಿಲ್ಲದವರು ಹರಕೆ ಹೊತ್ತು ತೊಟ್ಟಿಲು ಒಪ್ಪಿಸುವುದೂ ಇಲ್ಲೇ. ಕಳೆದ ಸಲ ಹೋದಾಗ ಅಂಗೈಯಗಲದ ಮರದ ತೊಟ್ಟಿಲೊಂದನ್ನು ಸೆರಗಿನಲ್ಲಿ ಹಿಡಿದ ಹೆಂಗಸೊಬ್ಬರು ನನ್ನ ಮುಂದೆ ನಿಂತಿದ್ದರು. ಮಂಗಳಾರತಿಯ ಬೆಳಕು ಕೃಷ್ಣನ ಕೈಯ ಬೆಣ್ಣೆಯ ಮೇಲೆ ಬಿತ್ತು. ಎಲ್ಲರೂ ಕಣ್ಣು ಮುಚ್ಚಿ ಕೈ ಮುಗಿದರು. ಅವರು ಮುಚ್ಚಲಿಲ್ಲ, ಹೊಸ್ತಿಲಿನ ಈಚೆಗೆ ನಿಂತು ನೋಡುತ್ತಲೇ ಇದ್ದರು.