ಪಾತ್ರ ಯಾವ ಭಾಷೆಯಲ್ಲಿ ಮಾತಾಡಬೇಕು? ಜಿ. ವಿ. ಅಯ್ಯರ್ ಸಿನಿಮಾಗಳ ಬಗ್ಗೆ ಒಂದು ಟಿಪ್ಪಣಿ

ನಾನು ದಿಂಡಿಗಲ್ ಜಿಲ್ಲೆಯ ವೇದಸಂದೂರಿನಿಂದ ಮಾತಾಡ್ತಿದ್ದೇನೆ. ಜಿ. ವಿ. ಅಯ್ಯರ್ ಬಗ್ಗೆ ಬರೆಯುವವರು 'ಬಹುಮುಖ ಪ್ರತಿಭೆ' ಅಂತ ಹೇಳಿ ಮುಂದೆ ಹೋಗಿಬಿಡುತ್ತಾರೆ. ನಟ, ಗೀತರಚನಕಾರ, ಸಂಭಾಷಣೆಕಾರ, ನಿರ್ಮಾಪಕ, ನಿರ್ದೇಶಕ: ಪಟ್ಟಿ ಸರಿಯೇ. ಆದರೆ ಪಟ್ಟಿ ವಿಮರ್ಶೆಯಾಗುವುದಿಲ್ಲ. ಈ ಎಲ್ಲ ಕೆಲಸಗಳ ಒಳಗೆ ಒಂದೇ ಪ್ರಶ್ನೆ ಓಡಾಡುತ್ತಿದೆ ಅನ್ನೋದು ನನ್ನ ವಾದ. ಪಾತ್ರ ಯಾವ ಭಾಷೆಯಲ್ಲಿ ಮಾತಾಡಬೇಕು?

ಅಯ್ಯರ್ ಹುಟ್ಟಿದ್ದು 1917ರಲ್ಲಿ, ನಂಜನಗೂಡು ಸೀಮೆಯಲ್ಲಿ. ಪಳಗಿದ್ದು ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ. ಕಂಪನಿ ನಾಟಕದ ಮಾತು ಕೊನೆಯ ಸಾಲಿನಲ್ಲಿ ಕೂತವನಿಗೂ ಮುಟ್ಟಬೇಕು. ಅವರು ಬರೆದ 'ರಣಧೀರ ಕಂಠೀರವ'ದ (1960) ಸಂಭಾಷಣೆಯಲ್ಲಿ ಆ ಗತ್ತು ಹಾಗೇ ಉಳಿದಿದೆ. ಅದು ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು ಅವರ ಜತೆ ಸೇರಿ ಕಲಾವಿದರೇ ನಿರ್ಮಿಸಿದ ಚಿತ್ರ. ಕನ್ನಡ ಚಿತ್ರರಂಗ ಮದ್ರಾಸಿನ ಸ್ಟುಡಿಯೋಗಳನ್ನು ನಂಬಿಕೊಂಡಿದ್ದ ಕಾಲವದು. ಅಲ್ಲಿ ಕನ್ನಡವನ್ನು ಎತ್ತರದ ದನಿಯಲ್ಲಿ ಆಡುವುದೇ ಒಂದು ಹಕ್ಕೊತ್ತಾಯ. ಹಾಗಾಗಿ ಅದನ್ನು ಬರೀ ನಾಟಕೀಯತೆ ಅಂತ ತಳ್ಳಿಹಾಕಬಾರದು.

'ವಂಶವೃಕ್ಷ'ದ (1971) ನಿರ್ಮಾಪಕರಾಗಿ ಬಿ. ವಿ. ಕಾರಂತ, ಗಿರೀಶ ಕಾರ್ನಾಡರ ಜತೆ ಕೆಲಸ ಮಾಡಿದ ಮೇಲೆ ಅಯ್ಯರ್ ಬೇರೆ ದಾರಿ ಹಿಡಿದರು. ತ.ರಾ.ಸು. ಕಾದಂಬರಿ ಆಧರಿಸಿದ 'ಹಂಸಗೀತೆ' (1975) ನೋಡಿ. ಕಾದಂಬರಿಯ ಭೈರವಿ ವೆಂಕಟಸುಬ್ಬಯ್ಯ ಅರಸನ ಮುಂದೆ ಹಾಡಲೊಪ್ಪದೆ ನಾಲಗೆಯನ್ನೇ ಕತ್ತರಿಸಿಕೊಂಡವನು. ಮಾತನ್ನೇ ನಂಬಿ ಬಂದ ಬರಹಗಾರನೊಬ್ಬ ಮಾತು ಕೈಬಿಡುವವನ ಕತೆಯನ್ನು ಆರಿಸಿಕೊಂಡ, ಅಲ್ವಾ? ಮಾತಿನ ಜಾಗಕ್ಕೆ ಸಂಗೀತ ಬಂತು. ಬಾಲಮುರಳಿಕೃಷ್ಣ ಅವರಿಗೆ ಈ ಚಿತ್ರದ ಗಾಯನಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು.

ಆಮೇಲೆ ಬಂದದ್ದು ಆಚಾರ್ಯ ತ್ರಯರ ಚಿತ್ರಗಳು. 'ಆದಿ ಶಂಕರಾಚಾರ್ಯ' (1983) ಸಂಸ್ಕೃತದ ಮೊದಲ ಕಥಾಚಿತ್ರ. 'ಮಧ್ವಾಚಾರ್ಯ' (1986) ಕನ್ನಡದಲ್ಲಿ. 'ರಾಮಾನುಜಾಚಾರ್ಯ' (1989) ತಮಿಳಿನಲ್ಲಿ. ಮೂವರು ಆಚಾರ್ಯರಿಗೆ ಮೂರು ಭಾಷೆ. ಇದನ್ನು ಬಹುಭಾಷಾ ಪಾಂಡಿತ್ಯ ಅಂದರೆ ಸಾಲದು, ಇದು ಚಿತ್ರಕಥೆಯ ನಿರ್ಧಾರ. ಶಂಕರರ ಜತೆ ಮೃತ್ಯು ಮತ್ತು ಪ್ರಜ್ಞೆಯನ್ನು ಒಡನಾಡಿಗಳಾಗಿ ನಡೆಸುವ ಕಲ್ಪನೆಯಲ್ಲಿ ಅಯ್ಯರ್ ತತ್ವವನ್ನು ಪ್ರವಚನವಾಗಲು ಬಿಡುವುದಿಲ್ಲ, ಪಾತ್ರವಾಗಿಸುತ್ತಾರೆ. ಚಿತ್ರಕ್ಕೆ ಶ್ರೇಷ್ಠ ಚಿತ್ರ, ಶ್ರೇಷ್ಠ ಚಿತ್ರಕಥೆಯ ರಾಷ್ಟ್ರಪ್ರಶಸ್ತಿಗಳು ಬಂದವು.

ನನ್ನ ತಕರಾರು ಇರುವುದೂ ಇಲ್ಲೇ. ಕಾಲಡಿಯ ತಾಯಿ ಮಗನನ್ನು ಮಾತಾಡಿಸುವುದೂ ಸಂಸ್ಕೃತದಲ್ಲೇ. ಶಾಸ್ತ್ರದ ಭಾಷೆ, ಅಡುಗೆಮನೆಯ ಭಾಷೆ ಎರಡೂ ಒಂದೇ ಆಗಿಬಿಟ್ಟಾಗ ಸನ್ಯಾಸದ ಬೆಲೆ ಕಮ್ಮಿಯಾಗುತ್ತೆ. ಮನೆ ಬಿಡುವವನು ಮನೆಯ ಭಾಷೆಯನ್ನೂ ಬಿಟ್ಟು ಹೋಗುತ್ತಾನಲ್ಲ, ಆ ನಷ್ಟ ತೆರೆಯ ಮೇಲೆ ಕಾಣೋದಿಲ್ಲ. ನಮ್ಮ ದಿಂಡಿಗಲ್, ತೇನಿ ಕಡೆ ಮನೆಯಲ್ಲಿ ಕನ್ನಡ ಆಡಿ, ಶಾಲೆಯಲ್ಲಿ ತಮಿಳು ಓದುವ ಕುಟುಂಬಗಳಿವೆ. ಹೊಸಿಲು ದಾಟಿದರೆ ಭಾಷೆ ಬದಲಾಗುತ್ತೆ. ಅಂಥ ನೋಡುಗರಿಗೆ ಆ ತಾಯಿಯ ಸಂಸ್ಕೃತ ಗಂಭೀರವಾಗಿ ಕೇಳಿಸುತ್ತೆ. ತಾಯಿಯ ಮಾತಾಗಿ ಕೇಳಿಸೋದಿಲ್ಲ.

ಹಾಗಂತ ಇದೇ ಚಿತ್ರ ಮಲಯಾಳಂನಲ್ಲೋ ಕನ್ನಡದಲ್ಲೋ ಇರಬೇಕಿತ್ತು ಅಂತ ನಾನು ಹೇಳ್ತಿಲ್ಲ. ಪೂರ್ತಿ ಸಂಸ್ಕೃತ ಅನ್ನುವ ಹಟದಿಂದಲೇ ಅದಕ್ಕೆ ಆ ನಿಧಾನಗತಿ, ಆ ಮೌನ ದಕ್ಕಿದೆ. ಮಾತು ತಿಳಿಯದವರು ಮುಖ ನೋಡಬೇಕಾಗುತ್ತೆ, ನದಿ ನೋಡಬೇಕಾಗುತ್ತೆ. ಆದರೆ ಆ ಶುದ್ಧಿಗೆ ಬೆಲೆ ತೆತ್ತದ್ದು ತಾಯಿಯ ಪಾತ್ರ. ಅಯ್ಯರ್ ಅವರ ಬಹುಮುಖತೆಯನ್ನು ಅಳೆಯುವಾಗ ಎಷ್ಟು ಭಾಷೆಗಳಲ್ಲಿ ಚಿತ್ರ ಮಾಡಿದರು ಅಂತ ಎಣಿಸುವುದಕ್ಕಿಂತ, ಪ್ರತಿ ಭಾಷೆಯ ಆಯ್ಕೆಯಲ್ಲೂ ಯಾರ ದನಿ ಕೇಳಿತು, ಯಾರದು ಅಡಗಿತು ಅಂತ ಕೇಳಬೇಕು. 'ಮಧ್ವಾಚಾರ್ಯ', 'ರಾಮಾನುಜಾಚಾರ್ಯ' ಎರಡನ್ನೂ ಇದೇ ಪ್ರಶ್ನೆ ಇಟ್ಟುಕೊಂಡು ಮತ್ತೆ ನೋಡೋಣ ಅನ್ನೋದು ನನ್ನ ಸಲಹೆ. ಚರ್ಚೆಗೆ ಬಿಡ್ತೀನಿ.