ದಂಗೆ ಕಾಣದವರ ಹಾಡು

ಇಂಗ್ಲೆಂಡಿನ ಉತ್ತರದ ಲೀಡ್ಸ್, ಉಣ್ಣೆ ಗಿರಣಿಗಳಿಂದ ಬೆಳೆದ ಊರು. ಸುತ್ತಲಿನ ಯಾರ್ಕ್‌ಷೈರ್ ಪ್ರಾಂತದಲ್ಲಿ ಆಗ ಕಲ್ಲಿದ್ದಲ ಗಣಿಗಳಿದ್ದವು. 1977ರಲ್ಲಿ ಅಲ್ಲಿನ ವಿಶ್ವವಿದ್ಯಾಲಯದ ಕೆಲವು ವಿದ್ಯಾರ್ಥಿಗಳು ಸೇರಿ ‘ಮೀಕಾನ್ಸ್’ ಅನ್ನೋ ರಾಕ್ ತಂಡ ಕಟ್ಟಿದರು. ಮಕ್ಕಳ ಕಾಮಿಕ್ ಒಂದರಲ್ಲಿ ಬರೋ ಹಸಿರು ಮೈಯ, ಬುರುಡೆ ತಲೆಯ ಖಳನ ಹೆಸರು ಅದು. ಇವರಿಗೆ ನುಡಿಸೋಕೆ ಬರುತ್ತಿರಲಿಲ್ಲ. ವಾದ್ಯಗಳೂ ಸ್ವಂತದ್ದಲ್ಲ, ಅದೇ ವಿಶ್ವವಿದ್ಯಾಲಯದ ‘ಗ್ಯಾಂಗ್ ಆಫ್ ಫೋರ್’ ತಂಡದಿಂದ ಕಡ ತಂದವು. ಆದರೆ ನಿಲುವು ಮಾತ್ರ ಗಟ್ಟಿಯಾಗಿತ್ತು. ಯಾರು ಬೇಕಾದರೂ ವೇದಿಕೆ ಹತ್ತಬಹುದು, ವಾದ್ಯಗಳನ್ನು ಬದಲಿಸಿಕೊಳ್ಳಬಹುದು, ಇಲ್ಲಿ ತಾರೆಯರಿಲ್ಲ. ಸಂಗೀತ ಅಂದರೆ ಗುರುಮುಖೇನ ಬರಬೇಕು, ಮನೆತನದಲ್ಲಿ ಇರಬೇಕು ಅಂತ ಕೇಳಿಕೊಂಡೇ ಬೆಳೆದ ನಮಗೆ ಇದು ಸಣ್ಣ ಮಾತಲ್ಲ.

ಅವರ ಮೊದಲ ಡಿಸ್ಕು 1978ರ ಜನವರಿಯಲ್ಲಿ ಎಡಿನ್‌ಬರೋದ ‘ಫಾಸ್ಟ್ ಪ್ರಾಡಕ್ಟ್’ ಎಂಬ ಪುಟ್ಟ ಸಂಸ್ಥೆಯಿಂದ ಬಂತು. ಹೆಸರು ‘ನೆವರ್ ಬೀನ್ ಇನ್ ಎ ರಯಟ್’, ಅಂದರೆ ನಾನು ಯಾವ ದಂಗೆಯಲ್ಲೂ ಇದ್ದವನಲ್ಲ. ಇದು ‘ಕ್ಲಾಶ್’ ತಂಡಕ್ಕೆ ಕೊಟ್ಟ ಉತ್ತರ. 1976ರಲ್ಲಿ ಲಂಡನ್ನಿನ ನಾಟಿಂಗ್ ಹಿಲ್ ಜಾತ್ರೆಯಲ್ಲಿ ಕರಿಯ ಯುವಕರಿಗೂ ಪೊಲೀಸರಿಗೂ ಘರ್ಷಣೆಯಾಯಿತು. ಕ್ಲಾಶ್‌ನವರು ಅದನ್ನು ಕಣ್ಣಾರೆ ಕಂಡು, ಬಿಳಿಯರಿಗೂ ತಮ್ಮದೇ ದಂಗೆ ಬೇಕು ಅಂತ ಹಾಡಿದ್ದರು. ಕಂಡದ್ದು ನಿಜವೇ. ಆದರೆ ಆ ಹಾಡನ್ನು ಕೇಳಿದವರೆಲ್ಲ ಮನೆಯಲ್ಲೇ ಕೂತು ಬೀದಿಯ ವೀರರಾಗಿಬಿಟ್ಟರು. ಮೀಕಾನ್ಸ್ ಚುಚ್ಚಿದ್ದು ಈ ಢೋಂಗಿತನವನ್ನು. ಇನ್ನೊಬ್ಬರ ಹಸಿವನ್ನು ಹೊಟ್ಟೆ ತುಂಬಿದ ಮೇಲೆ ಪದ್ಯ ಮಾಡೋರು ನಮ್ಮಲ್ಲೂ ಕಡಿಮೆ ಇಲ್ಲವಲ್ಲ! ಗಿಟಾರು ಒಂದು ಕಡೆ, ಡ್ರಮ್ ಇನ್ನೊಂದು ಕಡೆ ಓಡುತ್ತವೆ. ಈ ಅಡ್ಡಾದಿಡ್ಡಿತನವೇ ಅದರ ಪ್ರಾಮಾಣಿಕತೆ.

ಆದರೂ ನನ್ನ ತಕರಾರಿದೆ. ದಂಗೆಯಲ್ಲಿ ಇರಲಿಲ್ಲ ಅನ್ನೋದು ನಿಜ ಹೇಳಿದಂತಾಯಿತು, ಸರಿ, ಪಕ್ಷ ಹಿಡಿದಂತಾಗಲಿಲ್ಲ. ನಕ್ಕು ಸುಮ್ಮನಾಗೋಕೆ ಅವರಿಗೆ ಪುರಸೊತ್ತಿತ್ತು. ಆ ಪುರಸೊತ್ತು ಎಲ್ಲಿಂದ ಬಂತು? ಆ ಕಾಲದ ಬ್ರಿಟನ್ನಿನಲ್ಲಿ ವಿದ್ಯಾರ್ಥಿಗಳ ಶುಲ್ಕವನ್ನು ಸರ್ಕಾರವೇ ಕಟ್ಟುತ್ತಿತ್ತು. ಕಡಿಮೆ ವರಮಾನದ ಮನೆಯವರಿಗೆ ಊಟ, ಬಾಡಿಗೆಗೂ ಅನುದಾನ ಸಿಗುತ್ತಿತ್ತು. 1990ರಲ್ಲಿ ಸಾಲದ ಪದ್ಧತಿ ಬಂತು, 1998ರಲ್ಲಿ ಶುಲ್ಕ ಬಂತು. ‘ಸ್ವತಂತ್ರ’ ತಂಡಗಳ ಚರಿತ್ರೆ ಬರೆಯೋರು ಗಿಟಾರಿನ ಬಗ್ಗೆ ಪುಟಗಟ್ಟಲೆ ಬರೀತಾರೆ, ಈ ದುಡ್ಡಿನ ಬಗ್ಗೆ ಒಂದು ಸಾಲೂ ಬರೆಯೋದು ಅಪರೂಪ. ವಿದ್ಯಾರ್ಥಿವೇತನ ತಿಂಗಳುಗಟ್ಟಲೆ ತಡವಾದಾಗ ಹಾಸ್ಟೆಲಿನಲ್ಲಿ ಏನೇನು ನಿಂತುಹೋಗುತ್ತೆ ಅಂತ ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಬಂಡವಾಳವಂತೂ ಬೇಗನೇ ಬಾಗಿಲು ತಟ್ಟಿತು. ಗ್ಯಾಂಗ್ ಆಫ್ ಫೋರ್ ಇಎಂಐಗೆ ಹೋಯಿತು, ಮೀಕಾನ್ಸ್ ವರ್ಜಿನ್‌ಗೆ ಹೋದರು. 1979ರಲ್ಲಿ ವರ್ಜಿನ್ ತಂದ ಇವರ ಮೊದಲ ಆಲ್ಬಮ್ಮಿನ ಹಿಂಬದಿಯಲ್ಲಿ ತಪ್ಪಾಗಿ ಗ್ಯಾಂಗ್ ಆಫ್ ಫೋರ್‌ನವರ ಫೋಟೋ ಅಚ್ಚಾಯಿತು. ಕಂಪನಿಗೆ ಇವರೂ ಒಂದೇ, ಅವರೂ ಒಂದೇ. ಆಮೇಲೆ ತಂಡ ಮಂಕಾಯಿತು.

ಅದನ್ನು ಮತ್ತೆ ಎಬ್ಬಿಸಿದ್ದು ಗಣಿ ಕಾರ್ಮಿಕರು. ಥ್ಯಾಚರ್ ಸರ್ಕಾರದ ಕಲ್ಲಿದ್ದಲು ಮಂಡಳಿ 20 ಗಣಿ ಮುಚ್ಚಿ 20,000 ಕೆಲಸ ಕಿತ್ತುಕೊಳ್ಳೋಕೆ ಹೊರಟಾಗ, 1984ರ ಮಾರ್ಚಿನಲ್ಲಿ ಮುಷ್ಕರ ಶುರುವಾಯಿತು. ಒಂದು ವರ್ಷ ನಡೆದು ಸೋತಿತು. ಮುಷ್ಕರದವರ ನೆರವಿಗೆ ನಡೆದ ಸಭೆಗಳಲ್ಲಿ ಮೀಕಾನ್ಸ್ ಹಾಡಿದರು. ದಂಗೆ ಈಗ ಪಕ್ಕದ ಊರಲ್ಲೇ ಇತ್ತು. 1985ರಲ್ಲಿ ‘ಸಿನ್’ ಅನ್ನೋ ಸ್ವಂತ ಸಂಸ್ಥೆಯಿಂದ ‘ಫಿಯರ್ ಅಂಡ್ ವಿಸ್ಕಿ’ ತಂದರು. ಅದರಲ್ಲಿ ಹಳೆಯ ಕೀಟಲೆ ತಗ್ಗಿದೆ. ಅಮೆರಿಕದ ಹಳ್ಳಿಗಾಡಿನ ಹಾಡಿನ ಧಾಟಿ, ಸೂಸಿ ಹನಿಮನ್ನರ ಪಿಟೀಲು, ಕುಡಿತ, ಸೋಲು, ಭಯ. ಘೋಷಣೆಗೆ ಜಾಗವಿಲ್ಲ; ಸೋತವರ ಪಕ್ಕ ಕೂತ ದನಿಯಿದೆ. ಹಾಡಿದವರು ಗಣಿಗೆ ಇಳಿದವರಲ್ಲ, ಇಳಿದವರಂತೆ ವೇಷವನ್ನೂ ಹಾಕಲಿಲ್ಲ. ನನ್ನ ಮಟ್ಟಿಗೆ ಅವರ ಶ್ರೇಷ್ಠ ಕೆಲಸ ಇದೇ.

1989ರಲ್ಲಿ ‘ಎ ಅಂಡ್ ಎಂ’ ಕಂಪನಿಗಾಗಿ ಮತ್ತೊಂದು ಆಲ್ಬಮ್ ಮಾಡಿದರು, ಆ ಸಂಬಂಧವೂ ಬಾಳಲಿಲ್ಲ. ಆದರೆ ತಂಡ ಮುರಿಯಲಿಲ್ಲ. 2019ರಲ್ಲೂ ‘ಡೆಸರ್ಟೆಡ್’ ಅನ್ನೋ ಆಲ್ಬಮ್ ತಂದರು. ಅಷ್ಟರಲ್ಲಿ ಯಾರ್ಕ್‌ಷೈರಿನ ಕಡೆಯ ಆಳದ ಗಣಿ ಕೆಲಿಂಗ್ಲಿಯೂ ಮುಚ್ಚಿ ಮೂರು ವರ್ಷ ದಾಟಿತ್ತು.